ಹಾಡಿನ ಪರವಾಗಿ ಕ್ಯಾಮೆರಾದ ಸಾಕ್ಷಿ

ಗ್ರೆಗೋರಿಯನ್ ಗಾಯನವನ್ನು ನೀವು ಕೇಳಿರಬಹುದು. ಪಕ್ಕವಾದ್ಯವಿಲ್ಲ, ತಾಳದ ಪೆಟ್ಟಿಲ್ಲ. ಲ್ಯಾಟಿನ್ ಪ್ರಾರ್ಥನೆಯನ್ನು ಎಲ್ಲರೂ ಒಂದೇ ಧಾಟಿಯಲ್ಲಿ ಹಾಡುತ್ತಾರೆ. ಇದು ಕಛೇರಿಗಾಗಿ ಹುಟ್ಟಿದ ಸಂಗೀತವಲ್ಲ. 6ನೆಯ ಶತಮಾನದಲ್ಲಿ ಇಟಲಿಯ ಸಂತ ಬೆನೆಡಿಕ್ಟ್ ಬರೆದ ನಿಯಮದಂತೆ ಕ್ರೈಸ್ತ ಮಠವಾಸಿಗಳು ರಾತ್ರಿ ಒಮ್ಮೆ, ಹಗಲಿನಲ್ಲಿ ಏಳು ಬಾರಿ ಪ್ರಾರ್ಥನೆಗೆ ಸೇರಬೇಕು. ಬೈಬಲಿನ 150 ಕೀರ್ತನೆಗಳನ್ನು ವಾರದೊಳಗೆ ಮುಗಿಸಬೇಕು. ಹಾಡೇ ಅವರ ದಿನಚರಿ.

ಬಹುಕಾಲ ಈ ಹಾಡುಗಳು ಬಾಯಿಂದ ಬಾಯಿಗೆ ಬಂದವು. (ಪೋಪ್ ಗ್ರೆಗರಿಯವರೇ ಇವನ್ನು ರಚಿಸಿದರೆಂಬ ಕಥೆಯನ್ನು ವಿದ್ವಾಂಸರು ಈಗ ಒಪ್ಪುವುದಿಲ್ಲ.) 9-10ನೆಯ ಶತಮಾನಗಳಲ್ಲಿ ಪದಗಳ ಮೇಲೆ 'ನ್ಯೂಮ್' ಎಂಬ ಸಣ್ಣ ಗುರುತುಗಳನ್ನು ಹಾಕತೊಡಗಿದರು. ಸ್ವರ ಏರುತ್ತದೆಯೋ ಇಳಿಯುತ್ತದೆಯೋ ಎಂಬುದು ಅದರಿಂದ ತಿಳಿಯುತ್ತಿತ್ತು. ಎಷ್ಟು ಎಂಬುದು ತಿಳಿಯುತ್ತಿರಲಿಲ್ಲ. ಹಾಡು ಬಲ್ಲವನಿಗೆ ಮಾತ್ರ ಅದು ಜ್ಞಾಪಕದ ಚೀಟಿ. 11ನೆಯ ಶತಮಾನದಲ್ಲಿ ಅರೆಜ್ಜೋದ ಗ್ವಿಡೊ ಗೆರೆಗಳ ಮೇಲೆ ಸ್ವರ ಬರೆಯುವ ಕ್ರಮವನ್ನು ರೂಢಿಗೆ ತಂದರು. ಸ್ವರದ ಎತ್ತರ ನಿಶ್ಚಿತವಾಯಿತು, ಆದರೆ ಹಳೆಯ ಗುರುತುಗಳಲ್ಲಿದ್ದ ಲಯದ ಸೂಕ್ಷ್ಮಗಳು ಮರೆಯಾಗುತ್ತ ಹೋದವು.

1614-15ರಲ್ಲಿ ರೋಮ್‌ನಲ್ಲಿ ಅಚ್ಚಾದ ಗ್ರಂಥವಂತೂ ಒಂದೇ ಅಕ್ಷರದ ಮೇಲೆ ಹತ್ತಿಪ್ಪತ್ತು ಸ್ವರ ಹರಿಯುತ್ತಿದ್ದ ಕಡೆಗಳಲ್ಲೆಲ್ಲ ಕತ್ತರಿ ಆಡಿಸಿತು. ಮುಂದೆ ಫ್ರಾನ್ಸಿನ ಕ್ರಾಂತಿಯಲ್ಲಿ ಅಲ್ಲಿನ ಮಠಗಳೇ ಮುಚ್ಚಿದವು.

1833ರಲ್ಲಿ ಪ್ರಾಸ್ಪೇರ್ ಗೆರಾಂಜೆ ಎಂಬ ಪಾದ್ರಿ ಫ್ರಾನ್ಸಿನ ಸೊಲೆಮ್ ಎಂಬಲ್ಲಿ ಮಠವನ್ನು ಪುನಃ ತೆರೆದರು. ಅಲ್ಲಿನ ಸಂನ್ಯಾಸಿಗಳು ಹಳೆಯ ಹಸ್ತಪ್ರತಿಗಳನ್ನು ಹುಡುಕಿ ಕೈಯಿಂದಲೇ ನಕಲು ಮಾಡಿಕೊಂಡರು. ಆದರೆ ನಕಲನ್ನು ನಂಬುವವರಾರು? ಕತ್ತರಿ ಬಿದ್ದ ಪಾಠವನ್ನೇ ಮುದ್ರಿಸಲು ಜರ್ಮನಿಯ ರೇಗೆನ್ಸ್‌ಬುರ್ಗ್ ನಗರದ ಪ್ರಕಾಶಕರಿಗೆ ರೋಮ್ 30 ವರ್ಷಗಳ ಹಕ್ಕು ಕೊಟ್ಟಿತ್ತು!

ಆಗ ಸೊಲೆಮ್‌ನ ಆಂದ್ರೆ ಮೊಕ್ರೋ ವಿಜ್ಞಾನಿ ಮೆಚ್ಚುವ ದಾರಿ ಹಿಡಿದರು. 1889ರಿಂದ ಹಸ್ತಪ್ರತಿಗಳ ಛಾಯಾಚಿತ್ರಗಳನ್ನೇ ಪ್ರಕಟಿಸತೊಡಗಿದರು. ಬೇರೆ ಬೇರೆ ದೇಶ, ಬೇರೆ ಬೇರೆ ಶತಮಾನಗಳಲ್ಲಿ ಬರೆದ ಒಂದೇ ಹಾಡಿನ 200ಕ್ಕೂ ಹೆಚ್ಚು ಪ್ರತಿಗಳನ್ನು ಸಾಲಾಗಿ ಓದುಗರ ಮುಂದಿಟ್ಟರು. ಧಾಟಿ ಅಷ್ಟೂ ಕಡೆ ಬಹುಮಟ್ಟಿಗೆ ಒಂದೇ. ಪರಸ್ಪರ ಕಾಣದ ಲಿಪಿಕಾರರು ಒಂದೇ ತಪ್ಪು ಮಾಡುವುದುಂಟೇ? ಪ್ರಯೋಗಶಾಲೆಯಲ್ಲಿ ಹಲವು ಅಳತೆಗಳು ಕೂಡಿಬಂದಾಗ ನಾವು ವಾದಿಸುವುದೂ ಹೀಗೆಯೇ.

1901ರಲ್ಲಿ ಹೊಸ ಕಾನೂನಿನಿಂದಾಗಿ ಈ ಸಂನ್ಯಾಸಿಗಳು ದೇಶ ಬಿಟ್ಟು ಇಂಗ್ಲೆಂಡಿನ ವೈಟ್ ದ್ವೀಪ ಸೇರಿದರು, ಮರಳಿದ್ದು 1922ರಲ್ಲಿ. ಕೆಲಸ ಮಾತ್ರ ನಿಲ್ಲಲಿಲ್ಲ. 1908ರಲ್ಲಿ ವ್ಯಾಟಿಕನ್ ಹೊರತಂದ ಅಧಿಕೃತ ಗ್ರಂಥದಲ್ಲಿ ಕತ್ತರಿಸಿದ್ದ ಸ್ವರಗಳು ಮರಳಿ ಬಂದವು. ಲಯದ ವಿಷಯದಲ್ಲಿ ಮೊಕ್ರೋ ಹೇಳಿದ್ದನ್ನು ಮುಂದಿನ ವಿದ್ವಾಂಸರು ಪ್ರಶ್ನಿಸಿದರು. ಆ ಚರ್ಚೆ ಇನ್ನೂ ಮುಗಿದಿಲ್ಲ. ಸೊಲೆಮ್‌ನಲ್ಲಿ ದಿನವೂ ಹಾಡುತ್ತಲೇ ಇದ್ದಾರೆ.