ಮನೆಯೊಳಗಿನ ಬಳ್ಳಿಗೆ ಬೆಳಕೆಷ್ಟು?

ರಾಜಾಜಿನಗರ, ಬಸವೇಶ್ವರನಗರ, ವಿಜಯನಗರಗಳಲ್ಲಿ ಮನಿಪ್ಲಾಂಟ್ ಬಳ್ಳಿಯನ್ನು ಸಾಕದ ಬೀದಿ ಇರಲಾರದು. ಅದು ಮನೆಗೆ ಹಣ ತರುವುದೆಂದು ಕೆಲವರು ನಂಬುವರು; ಕದ್ದು ತಂದ ಕುಡಿಯಾದರೆ ಇನ್ನೂ ಶ್ರೇಷ್ಠವೆಂಬ ಮಾತೂ ಉಂಟು! ಹಣದ ವಿಚಾರ ಹೇಗೇ ಇರಲಿ, ಬಳ್ಳಿಯ ಸ್ವಂತ ಸಂಪಾದನೆಯೆಲ್ಲ ಬೆಳಕಿನಿಂದ. ಮನೆಯೊಳಗೆ ಆ ಸಂಪಾದನೆ ಎಷ್ಟೆಂಬುದನ್ನು ಅರಿತರೆ, ನೀರೆಷ್ಟು ಹಾಕಬೇಕೆಂಬ ಪ್ರಶ್ನೆಗೂ ಉತ್ತರ ದೊರೆಯುತ್ತದೆ.

ಸಸ್ಯಶಾಸ್ತ್ರಜ್ಞರು ಇದನ್ನು ಎಪಿಪ್ರೆಮ್ನಮ್ ಆರಿಯಮ್ ಎಂದು ಕರೆಯುತ್ತಾರೆ. ಇದರ ತವರು ಪೆಸಿಫಿಕ್ ಸಾಗರದಲ್ಲಿ ತಾಹಿಟಿಗೆ ಸಮೀಪದ ಮೊರೇಯಾ ದ್ವೀಪ. ಕುಲ ಮಾತ್ರ ನಮ್ಮ ಕೆಸು, ಸುವರ್ಣಗೆಡ್ಡೆಗಳದೇ. ಕೆಸುವಿನಂತೆ ಇದರ ಎಲೆಯಲ್ಲಿಯೂ ಸೂಜಿಯಂಥ ಆಕ್ಸಲೇಟ್ ಹರಳುಗಳಿವೆ. ಮಕ್ಕಳು ಅಗಿದರೆ ಬಾಯಿ, ಗಂಟಲು ಉರಿಯುತ್ತವೆ. ಮರದ ನೆರಳಿನಲ್ಲಿ ಬೆಳೆದು ಕಾಂಡವನ್ನು ಹಿಡಿದು ಮೇಲೇರುವುದು ಇದರ ಸ್ವಭಾವ. ಕಿಟಕಿಯಿಂದ ಇಳಿಬಿಟ್ಟಾಗ ಅಂಗೈಯಷ್ಟಿರುವ ಎಲೆಯು ಮರವನ್ನೇರಿದಾಗ ಮೊರದಷ್ಟಾಗುತ್ತದೆ.

ನೆರಳನ್ನು ಸಹಿಸುವ ಗಿಡ ಕತ್ತಲೆಯನ್ನೂ ಸಹಿಸುವುದೆಂದು ತಿಳಿಯಬಾರದು. ಇಲ್ಲಿಯೇ ಕಣ್ಣು ನಮ್ಮನ್ನು ವಂಚಿಸುವುದು. ಬೆಳಕನ್ನು ಲಕ್ಸ್ ಎಂಬ ಮಾನದಿಂದ ಅಳೆಯುತ್ತಾರೆ. ನಡುಹಗಲ ಬಿಸಿಲು ಸುಮಾರು 1,00,000 ಲಕ್ಸ್. ಬಯಲಿನ ನೆರಳು ಸುಮಾರು 10,000. ಕಿಟಕಿಯ ಪಕ್ಕದಲ್ಲಿ ಒಂದೆರಡು ಸಾವಿರ. ಕೋಣೆಯ ಒಳಮೂಲೆಯಲ್ಲಿ ಎಷ್ಟೋ ವೇಳೆ ನೂರು ಮಾತ್ರ. ಅಂದರೆ ಬಿಸಿಲಿನ ಸಾವಿರದಲ್ಲೊಂದು ಪಾಲು. ಆದರೂ ಅಲ್ಲಿ ಕುಳಿತು ನಾವು ಪುಸ್ತಕ ಓದುತ್ತೇವೆ. ಏಕೆಂದರೆ ಕಣ್ಣು ಪಾಪೆಯನ್ನು ಹಿಗ್ಗಿಸಿ, ಅಕ್ಷಿಪಟಲದ ಸೂಕ್ಷ್ಮತೆಯನ್ನು ಹೆಚ್ಚಿಸಿಕೊಂಡು ಹೊಂದಿಕೊಳ್ಳುತ್ತದೆ. ಎಲೆಗೆ ಈ ಉಪಾಯವಿಲ್ಲ. ಬೆಳಕು ಸಾಲದಾದಾಗ ಗಿಣ್ಣುಗಳ ನಡುವಣ ಅಂತರ ಉದ್ದವಾಗುತ್ತದೆ, ಎಲೆ ಕಿರಿದಾಗುತ್ತದೆ, ಹೊಂಬಣ್ಣದ ಪಟ್ಟೆಗಳು ಮಾಸುತ್ತವೆ.

ಉಪಕರಣವಿಲ್ಲದೆ ಬೆಳಕನ್ನು ಅಂದಾಜು ಮಾಡುವ ಬಗೆಯೊಂದುಂಟು. ಎಲೆಯಿರುವ ಜಾಗದಲ್ಲಿ ಕಣ್ಣನ್ನಿಟ್ಟು ಕಿಟಕಿಯತ್ತ ನೋಡೋಣ. ಅಲ್ಲಿಂದ ಕಾಣುವ ಆಕಾಶವೇ ಗಿಡದ ಆದಾಯ. 30 ಅಡಿಗೆ 40 ಅಡಿಯ ನಿವೇಶನಗಳಲ್ಲಿ ಒತ್ತಾಗಿ ಕಟ್ಟಿದ ಮನೆಗಳ ಕೆಳ ಅಂತಸ್ತಿನಲ್ಲಿ ಕಾಣುವುದು ಆಕಾಶವಲ್ಲ, ಪಕ್ಕದ ಮನೆಯ ಗೋಡೆ! ಅಂಥಲ್ಲಿ ಕುಂಡವನ್ನು ಕಿಟಕಿಯ ಅಂಚಿಗೇ ತರಬೇಕು.

ದಿಕ್ಕಿನ ವಿಷಯದಲ್ಲಿಯೂ ಎಚ್ಚರ ಬೇಕು. ಉತ್ತರದ ಕಿಟಕಿಗೆ ಬಿಸಿಲು ಬಾರದೆಂದು ಇಂಗ್ಲೆಂಡಿನ ತೋಟಗಾರಿಕೆಯ ಪುಸ್ತಕಗಳು ಹೇಳುವುದು ಅಲ್ಲಿಗೆ ಬಹುಮಟ್ಟಿಗೆ ಸರಿ. ಬೆಂಗಳೂರಾದರೋ 13 ಡಿಗ್ರಿ ಉತ್ತರ ಅಕ್ಷಾಂಶದಲ್ಲಿದೆ. ಏಪ್ರಿಲ್ ಕೊನೆಯ ವಾರದಿಂದ ಆಗಸ್ಟ್ ನಡುಭಾಗದವರೆಗೆ ಮಧ್ಯಾಹ್ನದ ಸೂರ್ಯನು ನಮ್ಮ ನೆತ್ತಿಗೆ ಉತ್ತರದಲ್ಲಿರುತ್ತಾನೆ. ಬೆಳಗು ಬೈಗುಗಳಲ್ಲಿ ಉತ್ತರದ ಕಿಟಕಿಗೂ ಓರೆಬಿಸಿಲು ಬೀಳುತ್ತದೆ. ಪಶ್ಚಿಮದ ಕಿಟಕಿಯಲ್ಲಿ ಮಾರ್ಚ್, ಏಪ್ರಿಲ್ ತಿಂಗಳ ಇಳಿಬಿಸಿಲು ನೆರಳಿಗೆ ಒಗ್ಗಿದ ಎಲೆಯನ್ನು ಸುಡಬಲ್ಲುದು. ತೆಳುವಾದ ಪರದೆ ಸಾಕು.

ಇನ್ನು ನೀರು. ಬೆಳಕು ಬಿದ್ದಾಗ ಪತ್ರರಂಧ್ರಗಳು ತೆರೆದು ನೀರಾವಿ ಹೊರಬೀಳುತ್ತದೆ. ಬೇರು ಹೊಸ ನೀರನ್ನು ಮೇಲಕ್ಕೆಳೆಯುತ್ತದೆ. ಬೆಳಕು ಕಡಿಮೆಯಾದರೆ ಈ ವೆಚ್ಚವೂ ಕಡಿಮೆ. ಆಗಲೂ ದಿನವೂ ನೀರೆರೆದರೆ ಮಣ್ಣಿನ ಕಣಗಳ ನಡುವೆ ಗಾಳಿಯಿರಬೇಕಾದ ಸ್ಥಳದಲ್ಲೆಲ್ಲ ನೀರು ನಿಲ್ಲುತ್ತದೆ. ಆಮ್ಲಜನಕವು ನೀರಿನಲ್ಲಿ ಹರಡುವುದು ಗಾಳಿಯಲ್ಲಿ ಹರಡುವುದಕ್ಕಿಂತ ಸುಮಾರು 10,000 ಪಟ್ಟು ನಿಧಾನ. ಬೇರು ಉಸಿರುಕಟ್ಟಿ ಕೊಳೆಯುತ್ತದೆ. ನೀರನ್ನೆಳೆಯಲಾರದೆ ಎಲೆ ಬಾಡುತ್ತದೆ. ಇದನ್ನು ಬಾಯಾರಿಕೆಯೆಂದು ಭಾವಿಸಿ ಮತ್ತಷ್ಟು ನೀರೆರೆದರೆ ಗಿಡದ ಕಥೆ ಮುಗಿಯಿತು. ಆದುದರಿಂದ ಮಣ್ಣಿನಲ್ಲಿ ಎರಡು ಅಂಗುಲ ಬೆರಳಿಳಿಸಿ, ಒಣಗಿದ್ದರೆ ಮಾತ್ರ ನೀರು ಹಾಕಬೇಕು. ಕುಂಡದ ತಳದಲ್ಲಿ ರಂಧ್ರವಿರಬೇಕು.

ಹಾಗಾದರೆ ಈ ಬಳ್ಳಿ ಸೀಸೆಯ ನೀರಿನಲ್ಲಿ ಬದುಕುವುದು ಹೇಗೆ? ನೀರಿನಲ್ಲಿಯೇ ಹುಟ್ಟಿದ ಬೇರುಗಳು ಅದಕ್ಕೆ ಹೊಂದಿಕೊಂಡಿರುತ್ತವೆ. ಆಮ್ಲಜನಕವನ್ನು ಕಬಳಿಸುವ ಮಣ್ಣಿನ ಜೀವಾಣುಗಳ ಪೈಪೋಟಿಯೂ ಅಲ್ಲಿ ಕಡಿಮೆ. ಆದರೆ ಆ ನೀರು ಡೆಂಗಿ ಜ್ವರವನ್ನು ಹರಡುವ ಈಡಿಸ್ ಸೊಳ್ಳೆಗೂ ಪ್ರಿಯ. ಮೊಟ್ಟೆಯು ಸೊಳ್ಳೆಯಾಗಲು ಒಂದು ವಾರ, ಹತ್ತು ದಿನ ಸಾಕು. ವಾರಕ್ಕೊಮ್ಮೆಯಾದರೂ ನೀರನ್ನು ಬದಲಿಸಿ, ಒಳಗೋಡೆಗೆ ಅಂಟಿದ ಮೊಟ್ಟೆಗಳು ಹೋಗುವಂತೆ ಸೀಸೆಯನ್ನು ಉಜ್ಜಿ ತೊಳೆಯಲೇಬೇಕು.

ವಿದ್ಯಾರ್ಥಿಗಳು ಇದನ್ನೆಲ್ಲ ತಾವೇ ಪರೀಕ್ಷಿಸಬಹುದು. ಒಂದೇ ಅಳತೆಯ ಎರಡು ಕುಂಡಗಳಲ್ಲಿ ಸಮನಾದ ಕುಡಿಗಳನ್ನು ನೆಟ್ಟು, ಬೇರೂರಿದ ಮೇಲೆ ಸಮನಾಗಿ ನೀರೆರೆದು, ಒಂದನ್ನು ಕಿಟಕಿಯಲ್ಲಿಯೂ ಇನ್ನೊಂದನ್ನು ಒಳಮೂಲೆಯಲ್ಲಿಯೂ ಇರಿಸಿ, ಅಡುಗೆಮನೆಯ ತಕ್ಕಡಿಯಲ್ಲಿ ದಿನವೂ ತೂಗಿ ಬರೆದಿಡಲಿ. ತೂಕ ಇಳಿದಷ್ಟೂ ನೀರು ಖರ್ಚಾಗಿದೆಯೆಂದು ಅರ್ಥ. ಯಾವ ಕುಂಡ ಎಷ್ಟು ದಿನಕ್ಕೊಮ್ಮೆ ನೀರು ಬೇಡುವುದೆಂಬುದನ್ನು ಆ ಅಂಕಿಗಳೇ ಹೇಳುತ್ತವೆ.