ಎರವಲು ದನಿ

ಮೂಕಚಿತ್ರಗಳ ಕಾಲದಲ್ಲಿ ನಟರಿಗೆ ಭಾಷೆಯ ಗಡಿ ಇರಲಿಲ್ಲ. ಮಾತಿನ ಕೆಲಸವನ್ನು ಮುಖ, ಕಣ್ಣು, ಕೈಗಳೇ ಮಾಡಬೇಕಾಗಿತ್ತು. ಅಭಿನಯದಿಂದ ತಿಳಿಯದಷ್ಟನ್ನು ನಡುನಡುವೆ ತೆರೆಯ ಮೇಲೆ ಅಕ್ಷರಗಳಲ್ಲಿ ತೋರಿಸುತ್ತಿದ್ದರು. ಚಿತ್ರವು ಪರದೇಶಕ್ಕೆ ಹೋದಾಗ ಆ ಬರಹವನ್ನು ತೆಗೆದು, ಅಲ್ಲಿನ ನುಡಿಯ ಬರಹವನ್ನು ಜೋಡಿಸಿದರೆ ಸಾಕಾಗುತ್ತಿತ್ತು. ಈ ಸ್ವಾತಂತ್ರ್ಯ ಎಷ್ಟು ದೊಡ್ಡದಾಗಿತ್ತು, ಅದು ಎಷ್ಟು ಬೇಗ ಕೈತಪ್ಪಿತು ಎಂಬುದನ್ನು ಜೆಕ್ ನಟಿ ಆನಿ ಓಂಡ್ರಾಳ ಕಲಾಜೀವನದಿಂದ ತಿಳಿಯಬಹುದು.

ಓಂಡ್ರಾ 1902ರಲ್ಲಿ ತಾರ್ನೂಫ್ ಪಟ್ಟಣದಲ್ಲಿ ಜನಿಸಿದಳು. ಇಂದು ಪೋಲೆಂಡಿಗೆ ಸೇರಿರುವ ಆ ಊರು ಆಗ ಆಸ್ಟ್ರಿಯಾ-ಹಂಗರಿ ಸಾಮ್ರಾಜ್ಯದಲ್ಲಿತ್ತು. ಆಕೆಯ ತಂದೆ ಸೈನ್ಯಾಧಿಕಾರಿ. ಆಕೆ ಬೆಳೆದುದು ಪ್ರಾಗ್ ನಗರದಲ್ಲಿ. 1918ರಲ್ಲಿ ಸಾಮ್ರಾಜ್ಯ ಒಡೆದು ಜೆಕೊಸ್ಲೊವಾಕಿಯ ಸ್ವತಂತ್ರ ರಾಷ್ಟ್ರವಾಯಿತು. ಅದರ ಬೆನ್ನಲ್ಲೇ ಈ ಹುಡುಗಿ ಚಿತ್ರರಂಗವನ್ನು ಪ್ರವೇಶಿಸಿದಳು. ನಟನೂ ನಿರ್ದೇಶಕನೂ ಆಗಿದ್ದ ಕಾರೆಲ್ ಲಾಮಾಚ್, ಛಾಯಾಗ್ರಾಹಕ ಒಟ್ಟೊ ಹೆಲರ್, ಕಥಾಲೇಖಕ ವಾತ್ಸ್ಲಾವ್ ವಾಸರ್ಮನ್ ಇವರೊಡನೆ ಸೇರಿ ಆಕೆ ಅನೇಕ ಚಿತ್ರಗಳಲ್ಲಿ ದುಡಿದಳು. 1924ರ ‘ಬಿಳಿಯ ಸ್ವರ್ಗ’ದಲ್ಲಿ ಆಕೆಯದು ಅನಾಥ ಬಾಲಿಕೆಯ ಕರುಣಾಜನಕ ಪಾತ್ರ. ಆದರೆ ಜನ ಹೆಚ್ಚಾಗಿ ಮೆಚ್ಚಿದ್ದು ಆಕೆಯ ಹಾಸ್ಯವನ್ನು. ಚೆಲುವೆಯರು ನಗಿಸಲಾರರು ಎಂಬ ತಪ್ಪು ತಿಳಿವಳಿಕೆಗೆ ಆಕೆ ಒಳ್ಳೆಯ ಉತ್ತರವಾಗಿದ್ದಳು.

ಪ್ರಾಗ್, ವಿಯೆನ್ನಾ, ಬರ್ಲಿನ್‌ಗಳಲ್ಲಿ ಹೆಸರಾದ ಓಂಡ್ರಾಳನ್ನು ಇಂಗ್ಲೆಂಡ್ ಕರೆಯಿತು. ಆಲ್ಫ್ರೆಡ್ ಹಿಚ್‌ಕಾಕನ ಕೊನೆಯ ಮೂಕಚಿತ್ರ ‘ದಿ ಮ್ಯಾಂಕ್ಸ್‌ಮನ್’ನಲ್ಲಿ ಆಕೆ ಬೆಸ್ತರ ದ್ವೀಪವೊಂದರ ಹುಡುಗಿಯಾದಳು. ಅನಂತರ ಆತನು ‘ಬ್ಲ್ಯಾಕ್‌ಮೇಲ್’ ಚಿತ್ರವನ್ನು ಕೈಗೆತ್ತಿಕೊಂಡನು. ಲಂಡನ್ನಿನ ಅಂಗಡಿಯವನೊಬ್ಬನ ಮಗಳು, ತನ್ನ ಮಾನವನ್ನು ಕಾಪಾಡಿಕೊಳ್ಳುವ ಹೋರಾಟದಲ್ಲಿ ಚಿತ್ರಕಾರನೊಬ್ಬನನ್ನು ಚೂರಿಯಿಂದ ಕೊಲ್ಲುವ ಕಥೆ ಅದು. ಮೂಕಚಿತ್ರವೆಂದೇ ಆರಂಭವಾದ ಇದಕ್ಕೆ 1929ರಲ್ಲಿ, ಚಿತ್ರೀಕರಣದ ನಡುವೆಯೇ, ಮಾತು ಸೇರಿಸಲು ನಿಶ್ಚಯವಾಯಿತು.

ಆಗ ತೊಡಕು ತಲೆದೋರಿತು. ಓಂಡ್ರಾಳ ಇಂಗ್ಲಿಷಿನಲ್ಲಿ ಜೆಕ್ ಉಚ್ಚಾರಣೆಯ ಸೊಗಡಿತ್ತು. ಅದು ಲಂಡನ್ನಿನ ಹುಡುಗಿಯ ಮಾತಾಗಲಾರದು. ಚಿತ್ರ ತೆಗೆದ ಮೇಲೆ ಬೇರೆಯವರ ದನಿಯನ್ನು ಕೂಡಿಸುವ ವಿಧಾನ ಇನ್ನೂ ಬಳಕೆಗೆ ಬಂದಿರಲಿಲ್ಲ. ಕೊನೆಗೆ ಜೋನ್ ಬ್ಯಾರಿ ಎಂಬ ಆಂಗ್ಲ ನಟಿಯನ್ನು ಕ್ಯಾಮರಾದ ಕಣ್ಣಿಗೆ ಬೀಳದಂತೆ ಮೈಕಿನ ಬಳಿ ನಿಲ್ಲಿಸಿದರು. ಬ್ಯಾರಿ ಸಂಭಾಷಣೆಯನ್ನು ನುಡಿಯುತ್ತಿದ್ದಳು. ಓಂಡ್ರಾ ಅದೇ ಕ್ಷಣದಲ್ಲಿ ತುಟಿಗಳನ್ನು ಮಾತ್ರ ಆಡಿಸುತ್ತಿದ್ದಳು. ಒಬ್ಬಳ ಉಸಿರಿಗೆ ಇನ್ನೊಬ್ಬಳ ಬಾಯಿ ಹೊಂದಬೇಕಾದ ಈ ಕೆಲಸ ಇಬ್ಬರಿಗೂ ಎಂತಹ ಕಷ್ಟದ್ದೆಂದು ಊಹಿಸಬಹುದು.

ವಿಚಿತ್ರವೆಂದರೆ, ಆ ಚಿತ್ರದಲ್ಲಿ ಜನ ಇಂದಿಗೂ ನೆನೆಯುವ ಸನ್ನಿವೇಶದಲ್ಲಿ ನಾಯಕಿಯ ಮಾತಿಗೆ ಪ್ರಾಮುಖ್ಯವೇ ಇಲ್ಲ. ಕೊಲೆಯ ಮರುದಿನ ಉಪಾಹಾರದ ಹೊತ್ತಿಗೆ ನೆರೆಯವಳೊಬ್ಬಳು ಆ ವಿಷಯವನ್ನೇ ಹರಟುತ್ತಾಳೆ. ಉಳಿದ ಮಾತುಗಳೆಲ್ಲ ಮಸಕಾಗಿ, ‘ಚೂರಿ’ ಎಂಬ ಒಂದೇ ಪದ ಮತ್ತೆ ಮತ್ತೆ ಕಿವಿಗೆ ಬಡಿಯುತ್ತದೆ. ಬ್ರೆಡ್ಡು ಕೊಯ್ಯಲು ಹಿಡಿದ ಚೂರಿ ಆಕೆಯ ಕೈಯಿಂದ ಸಿಡಿದುಹೋಗುತ್ತದೆ. ಅಲ್ಲಿ ಕಾಣುವುದು ಬೇಯುತ್ತಿರುವ ಮನಸ್ಸೊಂದರ ಮುಖ. ಅದು ಎರವಲಿನದಲ್ಲ.

ಆಕೆ ಇಂಗ್ಲೆಂಡನ್ನು ಬಿಟ್ಟಳು. 1930ರಲ್ಲಿ ಲಾಮಾಚನೊಡನೆ ಬರ್ಲಿನ್ನಿನಲ್ಲಿ ಚಿತ್ರಸಂಸ್ಥೆಯನ್ನು ಸ್ಥಾಪಿಸಿ, ಜರ್ಮನ್ ವಾಕ್ಚಿತ್ರಗಳಲ್ಲಿ ತಾನೇ ಮಾತನಾಡಿ, ಹಾಡಿ ಮತ್ತೆ ಜನಪ್ರಿಯಳಾದಳು. 1931ರ ‘ಅವನು ಮತ್ತು ಅವನ ತಂಗಿ’ ಚಿತ್ರದಲ್ಲಿ ಹಾಸ್ಯನಟ ವ್ಲಾಸ್ತಾ ಬುರಿಯಾನನ ಜೊತೆ ಜೆಕ್ ನುಡಿಯಲ್ಲಿಯೂ ಆಕೆಯ ದನಿ ಕೇಳಿಸಿತು. 1933ರಲ್ಲಿ ಮುಷ್ಟಿಯುದ್ಧದ ವೀರ ಮ್ಯಾಕ್ಸ್ ಶ್ಮೆಲಿಂಗನನ್ನು ವಿವಾಹವಾದಳು. 1987ರಲ್ಲಿ ಜರ್ಮನಿಯಲ್ಲಿ ತೀರಿಕೊಂಡಳು.

‘ಬ್ಲ್ಯಾಕ್‌ಮೇಲ್’ ಚಿತ್ರಕ್ಕಾಗಿ ನಡೆದ ಧ್ವನಿಪರೀಕ್ಷೆಯ ಚಿಕ್ಕ ತುಣುಕೊಂದು ಉಳಿದುಬಂದಿದೆ. ಹಿಚ್‌ಕಾಕ್ ಪಕ್ಕದಲ್ಲಿ ನಿಂತು ಕೀಟಲೆ ಮಾಡುತ್ತಾನೆ. ಓಂಡ್ರಾ ನಾಚಿ, ನಗು ತಡೆಯಲಾರದೆ ಮುಖ ತಿರುಗಿಸುತ್ತಾಳೆ. ಆಕೆಯಾಡುವ ಒಂದೆರಡು ಇಂಗ್ಲಿಷ್ ಮಾತುಗಳು ಯಾರಿಗಾದರೂ ಅರ್ಥವಾಗುವಷ್ಟು ಸ್ಪಷ್ಟವಾಗಿವೆ.