ನಮ್ಮ ಹಬ್ಬದ ದೀಪವೂ ಕೋಲಾರದ ಚಿನ್ನವೂ



ಧರ್ಮಕೇಂದ್ರದ ಹಬ್ಬ ಬಂತೆಂದರೆ ನಮ್ಮೆಲ್ಲರ ಮನೆಗಳಲ್ಲೂ ಸಡಗರ. ಧ್ವಜಾರೋಹಣವಾದ ದಿನದಿಂದ ನವೇನ, ಕೊನೆಯ ಸಂಜೆ ಹೂವಿನಿಂದ ಅಲಂಕರಿಸಿದ ತೇರು, ದೇವಾಲಯದ ಗೋಪುರದಿಂದ ಗೇಟಿನವರೆಗೆ ಇಳಿಬಿಟ್ಟ ಬಣ್ಣಬಣ್ಣದ ಸೀರಿಯಲ್ ದೀಪಗಳು. ಚಾಮರಾಜಪೇಟೆಯಲ್ಲಿ ಇಂಥದೊಂದು ನವೇನದ ಸಂಜೆ ಇದ್ದಕ್ಕಿದ್ದಂತೆ ಕರೆಂಟು ಹೋಯಿತು. ಮಕ್ಕಳು ಕೂಗಿಕೊಂಡರು, ದೊಡ್ಡವರು ಗೊಣಗಿದರು. ಮೆಟ್ಟಿಲ ಮೇಲೆ ಜಪಸರ ಹಿಡಿದು ಕುಳಿತಿದ್ದ ಅಜ್ಜಿಯೊಬ್ಬರು ಮಾತ್ರ ನಕ್ಕು, ತಮಿಳು ಬೆರೆತ ತಮ್ಮ ಕನ್ನಡದಲ್ಲಿ, "ಈ ಕರೆಂಟು ಮೊದಲು ಬಂದದ್ದು ನಿಮ್ಮ ಬೆಂಗಳೂರಿಗಲ್ಲ ಕಣಪ್ಪಾ, ನಮ್ಮಪ್ಪ ಇಳಿಯುತ್ತಿದ್ದ ಗಣಿಗೆ" ಎಂದರು.

ಕತ್ತಲಲ್ಲಿ ಕೇಳಿದ ಆ ಮಾತು ನಮ್ಮ ಮನಸ್ಸಿನಲ್ಲಿ ಉಳಿಯಿತು. ಅಜ್ಜಿ ಹುಟ್ಟಿದ್ದು ಕೋಲಾರ ಚಿನ್ನದ ಗಣಿ ಪ್ರದೇಶದ ಚಾಂಪಿಯನ್ ರೀಫ್ಸ್‌ನಲ್ಲಿ. ಇಂದಿನ ಮಕ್ಕಳಿಗೆ ಕೆ.ಜಿ.ಎಫ್. ಎಂದರೆ 2018 ಮತ್ತು 2022ರಲ್ಲಿ ತೆರೆಕಂಡ ಚಲನಚಿತ್ರಗಳು. ಆ ಕಥೆ ಕಲ್ಪನೆಯದು. ನಿಜವಾದ ಕೆ.ಜಿ.ಎಫ್.ನ ಕಥೆ ನಮ್ಮ ನಗರಕ್ಕೂ ನಮ್ಮ ಮಹಾಧರ್ಮಕ್ಷೇತ್ರಕ್ಕೂ ಸೇರಿದ್ದು. ಅದನ್ನು ನಾವು ತಿಳಿದಿರಬೇಕು.

ಮಣ್ಣು ತೊಳೆದು ಕಂಡ ಹೊನ್ನು

ಟಿಪ್ಪು ಸುಲ್ತಾನನ ಪತನದ ನಂತರ ಬ್ರಿಟಿಷರು ಮೈಸೂರು ಸೀಮೆಯ ಗಡಿಯನ್ನು ಅಳೆಯತೊಡಗಿದರು. 1802ರಲ್ಲಿ ಆ ಕೆಲಸದ ಮೇಲೆ ಕೋಲಾರದ ಕಡೆಗೆ ಬಂದ ಸೈನ್ಯಾಧಿಕಾರಿ ಜಾನ್ ವಾರೆನ್, ಇಲ್ಲಿ ಚಿನ್ನ ಸಿಗುತ್ತದೆಂಬ ಊರ ಮಾತನ್ನು ಕೇಳಿದನು. ತೋರಿಸಿದವರಿಗೆ ಬಹುಮಾನ ಕೊಡುವುದಾಗಿ ಹೇಳಿದಾಗ ಊರಿಗಾಂ ಗ್ರಾಮದವರು ಎತ್ತಿನ ಗಾಡಿಗಳಲ್ಲಿ ಮಣ್ಣು ತುಂಬಿ ತಂದು, ಅವನ ಕಣ್ಣೆದುರೇ ತೊಳೆದು ಹೊನ್ನಿನ ಕಣಗಳನ್ನು ತೋರಿಸಿದರು. ಮಾರಿಕುಪ್ಪಂ ಬಳಿ ಬಡ ಜನರು ಗುಂಡಿ ತೋಡಿ, ಕಲ್ಲು ಒಡೆದು, ಪುಡಿ ಮಾಡಿ ಚಿನ್ನ ತೆಗೆಯುವುದನ್ನೂ ಅವನು ಕಂಡನು. ಹೀಗೆ ಕೋಲಾರದ ಚಿನ್ನವನ್ನು ಯಾವ ಪರದೇಶಿಯೂ 'ಕಂಡುಹಿಡಿಯಲಿಲ್ಲ'. ಸ್ಥಳೀಯರಿಗೆ ಅದು ತಲೆತಲಾಂತರದಿಂದ ಗೊತ್ತಿತ್ತು.

ವಾರೆನ್ ಬರೆದದ್ದು ಹಲವು ದಶಕ ಕಡತಗಳಲ್ಲಿ ಮಲಗಿತ್ತು. ಅದನ್ನು ಓದಿ ಎದ್ದು ಹೊರಟವನು ಮೈಕೆಲ್ ಲಾವೆಲ್ ಎಂಬ ಐರಿಷ್ ಮಾಜಿ ಸೈನಿಕ. ನ್ಯೂಜಿಲೆಂಡಿನ ಯುದ್ಧ ಮುಗಿಸಿ ಬೆಂಗಳೂರಿನ ದಂಡಿನಲ್ಲಿ ನೆಲೆಸಿದ್ದ ಅವನು 1871ರಲ್ಲಿ ಎತ್ತಿನ ಗಾಡಿ ಹತ್ತಿ ಕೋಲಾರಕ್ಕೆ ಹೋಗಿ ನೆಲವನ್ನು ಪರೀಕ್ಷಿಸಿದನು. ಮೈಸೂರು ಆಗ ಬ್ರಿಟಿಷ್ ಕಮಿಷನರರ ಆಳ್ವಿಕೆಯಲ್ಲಿತ್ತು. ಅರ್ಜಿ ಹಾಕಿ ಕಾದು, 1875ರ ಫೆಬ್ರವರಿಯಲ್ಲಿ ಗಣಿಗಾರಿಕೆಯ ಪರವಾನಗಿ ಪಡೆದನು. ಆದರೆ ಬಂಡೆ ಕೊರೆಯಲು ಬೇಕಾದ ಹಣ ಅವನಲ್ಲಿರಲಿಲ್ಲ. ಎರಡು ವರ್ಷಗಳಲ್ಲಿ ಹಕ್ಕನ್ನು ಇತರರಿಗೆ ವಹಿಸಿಕೊಟ್ಟನು. ನಮ್ಮ ನಗರದ ಲಾವೆಲ್ಲೆ ರಸ್ತೆ ಅವನ ಹೆಸರಿನದೇ.

ಇಲ್ಲಿಯ ಚಿನ್ನ ಬೇರೆ ಬಗೆಯದು

ಚಿನ್ನದ ಬೇಟೆ ಎಂದೊಡನೆ ನೆನಪಾಗುವುದು ಅಮೆರಿಕದ ಕ್ಯಾಲಿಫೋರ್ನಿಯ ಮತ್ತು ಆಸ್ಟ್ರೇಲಿಯ. 1848ರಲ್ಲಿ ಕ್ಯಾಲಿಫೋರ್ನಿಯದಲ್ಲಿ ಚಿನ್ನ ಸಿಕ್ಕಿದ ಸುದ್ದಿ ಹಬ್ಬಿ ಮರುವರ್ಷವೇ ಸಾವಿರಾರು ಜನ ಅಲ್ಲಿಗೆ ನುಗ್ಗಿದರು. 1851ರಲ್ಲಿ ಆಸ್ಟ್ರೇಲಿಯದಲ್ಲೂ ಹಾಗೆಯೇ ಆಯಿತು. ಅಲ್ಲಿ ಮೊದಮೊದಲು ಚಿನ್ನ ಹೊಳೆಯ ಮರಳಿನಲ್ಲಿತ್ತು. ಒಂದು ಸಲಿಕೆ, ಒಂದು ತಟ್ಟೆ ಇದ್ದರೆ ಬಡವನೂ ಮರಳು ಜಾಲಿಸಬಹುದಿತ್ತು. ಸಿಕ್ಕಿದ್ದು ಸಿಕ್ಕವನ ಪಾಲು.

ಕೋಲಾರದಲ್ಲಿ ಹಾಗಲ್ಲ. ಇಲ್ಲಿ ಚಿನ್ನವು ಬೆಣಚುಕಲ್ಲಿನ ಪದರಗಳಲ್ಲಿ ಸೇರಿಕೊಂಡು ಭೂಮಿಯ ಆಳಕ್ಕೆ ಇಳಿದಿದೆ. ಅದನ್ನು ತೆಗೆಯಲು ಬಾವಿಯಂಥ ಕೂಪ ಕೊರೆಯಬೇಕು, ಸಿಡಿಮದ್ದಿನಿಂದ ಬಂಡೆ ಸಿಡಿಸಬೇಕು, ಅದುರನ್ನು ಮೇಲಕ್ಕೆ ಎಳೆಯಬೇಕು, ಯಂತ್ರಗಳಲ್ಲಿ ಅರೆಯಬೇಕು, ಬಳಿಕ ಪಾದರಸ ಮತ್ತು ಸಯನೈಡ್ ಬಳಸಿ ಚಿನ್ನವನ್ನು ಬೇರ್ಪಡಿಸಬೇಕು. ಇದು ಕಂಪನಿಯ ಕೆಲಸ. ಆದ್ದರಿಂದ ಇಲ್ಲಿ ಚಿನ್ನಕ್ಕಾಗಿ ಮುಗಿಬಿದ್ದವರು ಇಬ್ಬಗೆಯವರು. ಲಂಡನ್ನಿನಲ್ಲಿ ಕುಳಿತು ಷೇರು ಕೊಂಡವರು ಒಂದು ಬಗೆ. ದಿನಗೂಲಿಗಾಗಿ ಊರು ಬಿಟ್ಟು ಬಂದವರು ಇನ್ನೊಂದು ಬಗೆ. ಚಿನ್ನ ಮೊದಲಿನವರಿಗೆ ಹೋಯಿತು, ದುಡಿಮೆ ಎರಡನೆಯವರ ಪಾಲಿಗೆ ಬಂತು.

1880ರ ಹೊತ್ತಿಗೆ ಜಾನ್ ಟೇಲರ್ ಅಂಡ್ ಸನ್ಸ್ ಎಂಬ ಇಂಗ್ಲಿಷ್ ಸಂಸ್ಥೆ ಇಲ್ಲಿ ಕಾಲಿಟ್ಟಿತು. ಮೊದಲ ವರ್ಷಗಳಲ್ಲಿ ಹಣ ಕರಗಿತೇ ಹೊರತು ಚಿನ್ನ ಸಿಗಲಿಲ್ಲ. ಮುಚ್ಚಿಬಿಡೋಣ ಎಂಬ ಮಾತು ಬಂದಾಗ, ಪ್ಲಮ್ಮರ್ ಎಂಬ ಗಣಿ ಮುಖ್ಯಸ್ಥನು ಹಳೆಯ ಕಾಲದವರು ತೋಡಿ ಬಿಟ್ಟಿದ್ದ ಗುಂಡಿಗಳ ಜಾಡು ಹಿಡಿದು ಆಳಕ್ಕೆ ಇಳಿದನು. ಅಲ್ಲಿ ಸಿಕ್ಕಿದ್ದೇ ಚಾಂಪಿಯನ್ ಪದರ. ಗುರುತೂ ಹೆಸರೂ ಇಲ್ಲದ ನಮ್ಮ ಪೂರ್ವಿಕರ ಗುಂಡಿಗಳೇ ಕಂಪನಿಗೆ ದಾರಿ ತೋರಿಸಿದವು. ಮುಂದೆ ಮೈಸೂರು, ಚಾಂಪಿಯನ್ ರೀಫ್, ಊರಿಗಾಂ, ನಂದಿದುರ್ಗ ಎಂಬ ನಾಲ್ಕು ಗಣಿಗಳು ಹೆಸರಾದವು. 1894ರಲ್ಲಿ ಬೌರಿಂಗ್‌ಪೇಟೆ, ಅಂದರೆ ಇಂದಿನ ಬಂಗಾರಪೇಟೆಯಿಂದ ಮಾರಿಕುಪ್ಪಂವರೆಗೆ ರೈಲು ಬಂತು.

ಬಂದವರು ಯಾರು?

ಈ ಗಣಿಗಳು ಎಷ್ಟು ಬಗೆಯ ಜನರನ್ನು ಸೆಳೆದವೆಂದರೆ, ಕೆಲವು ಮೈಲಿಗಳ ಆ ಬಂಜರು ನೆಲ ಒಂದು ಪುಟ್ಟ ಲೋಕವೇ ಆಯಿತು. ಇಂಗ್ಲೆಂಡಿನ ಕಾರ್ನ್‌ವಾಲ್‌ನ ತವರ ಗಣಿಗಳು ಸೊರಗಿದಾಗ ಕೆಲಸ ಕಳೆದುಕೊಂಡ ಗಣಿಗಾರರು ಬಂದರು. ಇಟಲಿಯವರು ಬಂದರು. ಆಂಗ್ಲೋ-ಇಂಡಿಯನ್ನರು ಮೇಸ್ತ್ರಿಗಳಾಗಿ, ಯಂತ್ರ ನಡೆಸುವವರಾಗಿ ಬಂದರು. ಕಾವಲಿಗೆ ಪಂಜಾಬಿನವರು, ವ್ಯಾಪಾರಕ್ಕೆ ಮಾರವಾಡಿಗಳು ಮತ್ತು ಮುಸ್ಲಿಮರು ಬಂದರು. ಆದರೆ ಭೂಮಿಯ ಹೊಟ್ಟೆಯೊಳಗೆ ಇಳಿದವರಲ್ಲಿ ಬಹುಪಾಲು ಜನರು ಉತ್ತರ ಆರ್ಕಾಟು, ಚಿತ್ತೂರು, ಸೇಲಂ ಕಡೆಯಿಂದ ಬಂದ ತಮಿಳು ಮತ್ತು ತೆಲುಗು ಮಾತಾಡುವ ದಲಿತರು. ಹಳ್ಳಿಯಲ್ಲಿ ಸ್ವಂತ ನೆಲವಿಲ್ಲದೆ, ಮಳೆಯಿಲ್ಲದೆ, ಮೇಲ್ಜಾತಿಯವರ ಹೊಲಗಳಲ್ಲಿ ಜೀತ ಮಾಡುತ್ತಿದ್ದವರಿಗೆ, ತಿಂಗಳಿಗಿಷ್ಟೆಂದು ಕೈಗೆ ಬರುವ ಕೂಲಿಯು ಬಿಡುಗಡೆಯಂತೆ ಕಂಡಿದ್ದರೆ ಅಚ್ಚರಿಯಿಲ್ಲ.

ಆ ಬಿಡುಗಡೆಗೆ ಬೆಲೆ ತೆರಬೇಕಾಯಿತು. ಸಾಹೇಬರ ಬಂಗಲೆಗಳೂ ಕ್ಲಬ್ಬೂ ಇದ್ದ ಊರನ್ನು 'ಪುಟ್ಟ ಇಂಗ್ಲೆಂಡ್' ಎಂದು ಕರೆದರು. ಅದೇ ಊರಿನ ಇನ್ನೊಂದು ಕಡೆ ಕಾರ್ಮಿಕರ 'ಲೈನು'ಗಳಲ್ಲಿ ಬಿದಿರು ತಟ್ಟಿಯ ಗುಡಿಸಲುಗಳು ಸಾಲುಗಟ್ಟಿದ್ದವು. ಅದುರಿನ ಚೂರು ಜೇಬಿನಲ್ಲಿ ಸಿಕ್ಕರೂ ಅಪರಾಧ. 1930ರಲ್ಲಿ ಕಾರ್ಮಿಕರೆಲ್ಲರ ಬೆರಳಚ್ಚು ದಾಖಲಿಸಲು ಕಂಪನಿಗಳು ಹೊರಟಾಗ, 'ನಾವೇನು ಕಳ್ಳರೇ?' ಎಂಬ ನೋವಿನಿಂದ ಗಣಿಯೇ ಸ್ತಬ್ಧವಾಯಿತು. ಸಂಬಳಕ್ಕಾಗಿ ಅಲ್ಲ, ಮಾನಕ್ಕಾಗಿ ನಡೆದ ಮುಷ್ಕರವದು.

ಆಳದಲ್ಲಿ ಏನಿತ್ತು? ಚಾಂಪಿಯನ್ ರೀಫ್ ಗಣಿ ಕಾಲಾನಂತರ 3 ಕಿಲೋಮೀಟರಿಗೂ ಹೆಚ್ಚು ಆಳಕ್ಕೆ ಇಳಿದು ಜಗತ್ತಿನ ಅತಿ ಆಳದ ಗಣಿಗಳಲ್ಲೊಂದೆನಿಸಿತು. ಅಲ್ಲಿಯ ಬಂಡೆಯ ಬಿಸಿ 60 ಡಿಗ್ರಿ ಸೆಲ್ಷಿಯಸ್ ದಾಟುತ್ತಿತ್ತು. ಮೇಲಿನ ಭೂಭಾರ ತಾಳಲಾರದೆ ಬಂಡೆಯೇ ಸಿಡಿದು ಸುರಂಗ ಕುಸಿಯುತ್ತಿತ್ತು. ಸಿಡಿತದಿಂದ ಪಾರಾದವರನ್ನು ಕಲ್ಲಿನ ಧೂಳು ಕಾಡುತ್ತಿತ್ತು. ಶ್ವಾಸಕೋಶವನ್ನು ಕಲ್ಲಾಗಿಸುವ ಆ ರೋಗಕ್ಕೆ ಸಿಲಿಕೋಸಿಸ್ ಎಂದು ಹೆಸರು. 1940ರಿಂದ 1946ರವರೆಗೆ ಅಲ್ಲಿ 7,653 ಕಾರ್ಮಿಕರನ್ನು ಪರೀಕ್ಷಿಸಿದಾಗ 3,402 ಮಂದಿಯಲ್ಲಿ ಅದು ಕಂಡುಬಂತು. ನೂರರಲ್ಲಿ ನಲವತ್ತನಾಲ್ಕಕ್ಕಿಂತ ಹೆಚ್ಚು! ನಮ್ಮ ಅಜ್ಜಿಗೆ ತಂದೆಯ ನೆನಪೆಂದರೆ ರಾತ್ರಿಯೆಲ್ಲ ಕೇಳುತ್ತಿದ್ದ ಕೆಮ್ಮು. "ಕೆಮ್ಮು ನಿಂತ ದಿನ ಅಪ್ಪನೂ ಇರಲಿಲ್ಲ" ಎಂದರು.

ಇಂಥ ಬದುಕಿನ ನಡುವೆಯೂ ಜನರು ದೇವರನ್ನು ಮರೆಯಲಿಲ್ಲ. ಗುಡಿ, ಮಸೀದಿ, ಚರ್ಚುಗಳು ಲೈನುಗಳ ಪಕ್ಕದಲ್ಲೇ ಎದ್ದವು. ಚಾಂಪಿಯನ್ ರೀಫ್ಸ್‌ನ ವಿಜಯ ಮಾತೆಯ ದೇವಾಲಯ ಇಂದಿಗೂ ನಮ್ಮ ಬೆಂಗಳೂರು ಮಹಾಧರ್ಮಕ್ಷೇತ್ರಕ್ಕೆ ಸೇರಿದೆ. ಪಾಳಿಗೆ ಇಳಿಯುವ ಗಂಡನಿಗಾಗಿ ಅಲ್ಲಿ ಮೊಂಬತ್ತಿ ಹಚ್ಚಿ ಹೋಗುತ್ತಿದ್ದುದನ್ನು ಅಜ್ಜಿಯ ತಾಯಿ ಸಾಯುವವರೆಗೂ ಹೇಳುತ್ತಿದ್ದರಂತೆ.

ಗಣಿಗೆ ಬಂದ ಬೆಳಕು ನಗರಕ್ಕೆ

ಈಗ ಅಜ್ಜಿಯ ಮಾತಿಗೆ ಬರೋಣ. ಗಣಿ ಆಳವಾದಂತೆ ಯಂತ್ರಗಳಿಗೆ ಹೆಚ್ಚು ಶಕ್ತಿ ಬೇಕಾಯಿತು. ಉಗಿಯಂತ್ರಕ್ಕೆ ಸುಡಲು ಸೌದೆ ಸಾಲದು, ಕಲ್ಲಿದ್ದಲು ದೂರದಿಂದ ಬರಬೇಕು. ಆಗ ಮೈಸೂರಿನ ದಿವಾನರಾಗಿದ್ದ ಸರ್ ಕೆ. ಶೇಷಾದ್ರಿ ಅಯ್ಯರ್ ಅವರೂ, ಜೋಲಿ ಡಿ ಲಾಟ್‌ಬಿನಿಯರ್ ಎಂಬ ಇಂಜಿನಿಯರರೂ ಕಾವೇರಿಯ ಶಿವನಸಮುದ್ರ ಜಲಪಾತದಿಂದ ವಿದ್ಯುತ್ ತೆಗೆಯುವ ಯೋಜನೆ ಹಾಕಿದರು. 1902ರ ಜೂನ್ 30ರಂದು, ಸುಮಾರು 147 ಕಿಲೋಮೀಟರ್ ದೂರ ತಂತಿಯ ಮೇಲೆ ಹರಿದು, ಕಾವೇರಿಯ ಶಕ್ತಿ ಕೋಲಾರದ ಗಣಿಗಳನ್ನು ಮುಟ್ಟಿತು. ಆ ಕಾಲಕ್ಕೆ ಜಗತ್ತಿನ ಅತಿ ಉದ್ದದ ವಿದ್ಯುತ್ ಮಾರ್ಗಗಳಲ್ಲಿ ಅದೊಂದು. 1901ರಲ್ಲೇ ತೀರಿಕೊಂಡ ಶೇಷಾದ್ರಿ ಅಯ್ಯರ್ ಅದನ್ನು ಕಾಣಲಿಲ್ಲ.

ಬೆಂಗಳೂರಿನ ಬೀದಿಗಳಲ್ಲಿ ಆಗಿನ್ನೂ ಸೀಮೆಎಣ್ಣೆಯ ದೀಪಗಳಿದ್ದವು. 1892ರಲ್ಲಿ ರೂಪುಗೊಂಡ ಚಾಮರಾಜಪೇಟೆ ಹೊಸ ಬಡಾವಣೆ. 1898ರ ಪ್ಲೇಗ್ ಪೇಟೆಯ ಇಕ್ಕಟ್ಟಿನಿಂದ ಜನರನ್ನು ಓಡಿಸಿದ ಮೇಲೆ ಬಸವನಗುಡಿ, ಮಲ್ಲೇಶ್ವರಗಳು ತುಂಬತೊಡಗಿದ್ದವು. ಗಣಿಗೆಂದು ಉತ್ಪಾದಿಸಿದ ವಿದ್ಯುತ್ತಿನಲ್ಲಿ ಒಂದು ಪಾಲು 1905ರ ಆಗಸ್ಟ್ 5ರಂದು ನಗರಕ್ಕೆ ಬಂತು. ಇಂದಿನ ಕೃಷ್ಣರಾಜೇಂದ್ರ ಮಾರುಕಟ್ಟೆಯ ಆಸುಪಾಸಿನಲ್ಲಿ, ಅಂದರೆ ಚಾಮರಾಜಪೇಟೆಯಿಂದ ಕೂಗಳತೆಯಲ್ಲಿ, ಬೀದಿಯ ವಿದ್ಯುತ್ ದೀಪಗಳು ಹೊತ್ತಿಕೊಂಡವು. ಅಜ್ಜಿ ಹೇಳಿದ್ದು ಅಕ್ಷರಶಃ ನಿಜ. ಬೆಳಕು ಗಣಿಗೆ ಮೊದಲು, ನಮಗೆ ಮೂರು ವರ್ಷಗಳ ಮೇಲೆ.

ಚಿನ್ನ ಹೋಯಿತು, ಜನ ಉಳಿದರು

ಸ್ವಾತಂತ್ರ್ಯಾನಂತರ, 1956ರಲ್ಲಿ ಗಣಿಗಳು ಮೈಸೂರು ಸರ್ಕಾರದ ವಶವಾದವು. 1962ರಲ್ಲಿ ಕೇಂದ್ರ ಸರ್ಕಾರ ವಹಿಸಿಕೊಂಡಿತು. 1972ರಲ್ಲಿ ಭಾರತ್ ಗೋಲ್ಡ್ ಮೈನ್ಸ್ ಲಿಮಿಟೆಡ್ ಎಂಬ ಕಂಪನಿಯಾಯಿತು. ಆರಂಭದಲ್ಲಿ ಒಂದು ಟನ್ ಅದುರಿನಲ್ಲಿ 40 ಗ್ರಾಮಿಗೂ ಹೆಚ್ಚು ಚಿನ್ನ ಸಿಗುತ್ತಿದ್ದರೆ, ಕೊನೆಕೊನೆಗೆ 3 ಗ್ರಾಂ ಸಿಗುವುದೂ ಕಷ್ಟವಾಯಿತು. ತೆಗೆಯುವ ಖರ್ಚು ಚಿನ್ನದ ಬೆಲೆಯನ್ನು ಮೀರಿತು. ಸುಮಾರು 120 ವರ್ಷಗಳಲ್ಲಿ 800 ಟನ್ನಿನಷ್ಟು ಚಿನ್ನ ಕೊಟ್ಟ ಗಣಿ 2001ರ ಫೆಬ್ರವರಿ 28ರಂದು ಮುಚ್ಚಿತು. ಪಂಪುಗಳು ನಿಂತವು, ಸುರಂಗಗಳಲ್ಲಿ ನೀರು ತುಂಬಿತು.

ಕ್ಯಾಲಿಫೋರ್ನಿಯದಲ್ಲಿ ಚಿನ್ನ ಮುಗಿದಾಗ ಎಷ್ಟೋ ಊರುಗಳು ಬರಿದಾದವು. ಕೆ.ಜಿ.ಎಫ್. ಬರಿದಾಗಲಿಲ್ಲ. ನಾಲ್ಕೈದು ತಲೆಮಾರು ಅಲ್ಲೇ ಹುಟ್ಟಿ ಬೆಳೆದವರು ಎಲ್ಲಿಗೆ ಹೋದಾರು? ಕೊನೆಯ ಕಾರ್ಮಿಕರು ಬಾಕಿ ಹಣಕ್ಕಾಗಿ, ವಾಸವಿದ್ದ ಮನೆಯ ಹಕ್ಕಿಗಾಗಿ ವರ್ಷಗಟ್ಟಲೆ ಅಲೆದರು. ಅವರ ಮಕ್ಕಳು ನಸುಕಿನಲ್ಲೇ ಎದ್ದು ಬುತ್ತಿ ಕಟ್ಟಿಕೊಂಡು ಬೆಂಗಳೂರಿನ ರೈಲು ಹತ್ತುತ್ತಾರೆ, ರಾತ್ರಿ ಮನೆ ಸೇರುತ್ತಾರೆ. ನಮ್ಮ ಕಚೇರಿ, ಆಸ್ಪತ್ರೆ, ಅಂಗಡಿ, ಕಾರ್ಖಾನೆಗಳಲ್ಲಿ ದುಡಿಯುವವರಲ್ಲಿ ಅವರೂ ಇದ್ದಾರೆ. ಊರಿನಲ್ಲಿ ಉಳಿದವರ ಎದುರು ಅದುರು ಅರೆದು ಸುರಿದ ಬೂದು ಗುಡ್ಡಗಳಿವೆ. ಜೋರು ಗಾಳಿ ಬೀಸಿದರೆ ಆ 'ಸಯನೈಡ್ ಗುಡ್ಡ'ಗಳ ಧೂಳು ಮನೆಯೊಳಗೆ ಬರುತ್ತದೆ. ಅವುಗಳಲ್ಲಿ ಉಳಿದಿರುವ ಚಿನ್ನವನ್ನು ತೆಗೆಯುವ ಕೇಂದ್ರದ ಪ್ರಸ್ತಾವಕ್ಕೆ 2024ರ ಜೂನ್‌ನಲ್ಲಿ ರಾಜ್ಯ ಸಚಿವ ಸಂಪುಟ ಒಪ್ಪಿಗೆ ನೀಡಿತು. ಈ ಸಲವಾದರೂ ಲಾಭದ ಲೆಕ್ಕದಲ್ಲಿ ಅಲ್ಲಿಯ ಜನರ ಕೆಲಸವೂ ಉಸಿರೂ ಸೇರಬೇಕೆಂದು ಕೇಳುವುದು ನ್ಯಾಯ.

ಪ್ರಿಯರೇ, ನಮ್ಮ ಮನೆಯ ಪೆಟ್ಟಿಗೆಯಲ್ಲಿರುವ ಅಜ್ಜಿಯ ಕಾಲದ ಸರ, ತಾಳಿಯ ಗುಂಡುಗಳಲ್ಲಿ ಕೋಲಾರದ ಚಿನ್ನ ಇದೆಯೋ ಇಲ್ಲವೋ ಹೇಳಲಾಗದು. ಆದರೆ ನಮ್ಮ ನಗರಕ್ಕೆ ಮೊದಲು ಬಂದ ವಿದ್ಯುತ್ ಬೆಳಕಿನ ಹಿಂದೆ ಆ ಜನರ ದುಡಿಮೆ ಇದೆಯೆಂಬುದನ್ನು ಇತಿಹಾಸವೇ ಹೇಳುತ್ತದೆ. ನಮ್ಮ ಧರ್ಮಕೇಂದ್ರಗಳಲ್ಲಿ ಗಣಿ ಲೈನುಗಳಿಂದ ಬಂದು ನೆಲೆಸಿದ ಕುಟುಂಬಗಳಿವೆ. ಅವರ ಹಿರಿಯರನ್ನು ಮಾತಾಡಿಸೋಣ, ಮಕ್ಕಳನ್ನು ಅವರ ಬಳಿ ಕೂರಿಸೋಣ. ಮುಂದಿನ ಸಲ ಯಾತ್ರೆಗೆ ಬಸ್ಸು ಮಾಡುವಾಗ ಒಂದು ದಿನ ಚಾಂಪಿಯನ್ ರೀಫ್ಸ್‌ಗೂ ಹೋಗಿ ಅಲ್ಲಿಯವರೊಂದಿಗೆ ಬಲಿಪೂಜೆಯಲ್ಲಿ ಪಾಲ್ಗೊಳ್ಳೋಣ.

ಅಂದು ಸಂಜೆ ಅರ್ಧ ಗಂಟೆಯ ನಂತರ ಕರೆಂಟು ಬಂತು. ಮಕ್ಕಳು ಚಪ್ಪಾಳೆ ತಟ್ಟಿದರು. ಅಜ್ಜಿ ಶಿಲುಬೆಯ ಗುರುತು ಮಾಡಿಕೊಂಡು ಜಪಸರವನ್ನು ನಿಲ್ಲಿಸಿದ್ದ ಮಣಿಯಿಂದ ಮುಂದುವರಿಸಿದರು. ಈ ವರ್ಷದ ಹಬ್ಬದಲ್ಲಿ ವಿಶ್ವಾಸಿಗಳ ಪ್ರಾರ್ಥನೆಯ ಹೊತ್ತಿಗೆ ಗಣಿಯಲ್ಲಿ ಜೀವ ತೆತ್ತವರಿಗಾಗಿಯೂ ಒಂದು ಕೋರಿಕೆಯನ್ನು ಸೇರಿಸಲು ನಾವು ಗುರುಗಳನ್ನು ಕೇಳಿಕೊಂಡಿದ್ದೇವೆ. ನಿಮ್ಮ ಧರ್ಮಕೇಂದ್ರದಲ್ಲೂ ಕೇಳಿಕೊಳ್ಳಿ.